ಅರ್ಧ ಮಿಲಿಮೀಟರಿನ ಆಯಾಮ: ಕಾದಂಬರಿಯೊಳಗಿನ ವಿವಾದಿತ ಗ್ರಂಥವನ್ನು ಕಟ್ಟುವುದು ಹೇಗೆ?

ಪ್ರಶ್ನೆ: ನಾನು ಡೊಂಬಿವಲಿಯವಳು. ಕನ್ನಡದಲ್ಲಿ ಒಂದು ವೈಜ್ಞಾನಿಕ ಕಾದಂಬರಿ ಬರೆಯುತ್ತಿದ್ದೇನೆ. ಅದರ ಲೋಕ ಹೆಚ್ಚುಕಡಿಮೆ ನಮ್ಮದೇ. ಆದರೆ ಅಲ್ಲಿ ಉದ್ದ, ಅಗಲ, ಎತ್ತರಗಳ ಜತೆಗೆ ಇನ್ನೊಂದು ದಿಕ್ಕು ನಿಜವಾಗಿಯೂ ಇದೆ. ಧಾರವಾಡದ ಕಡೆಯ ಒಬ್ಬ ಭೌತವಿಜ್ಞಾನಿ ಮುಂಬೈಯ ಕೊಲಾಬಾದ ಪ್ರಯೋಗಾಲಯದಲ್ಲಿ ಕೆಲಸ ಮಾಡುತ್ತ, ಆ ಆಯಾಮಕ್ಕೆ ಬಾಗಿಲಿದೆ ಎಂದು ಗ್ರಂಥ ಬರೆಯುತ್ತಾಳೆ. ಪುಣೆಯವರು, ಗೋವಾದವರು ಅವಳ ಮೇಲೆ ಮುಗಿಬೀಳುತ್ತಾರೆ. ಕರಡು ಓದಿದ ಗೆಳತಿಯರು 'ಇದು ಮಾಟಮಂತ್ರದ ಕಥೆಯ ಹಾಗಿದೆ' ಎಂದರು. ಆ ಗ್ರಂಥದಲ್ಲಿ ಏನಿರಬೇಕು? ವಿರೋಧಿಗಳು ನಿಜಕ್ಕೂ ಏನು ಹೇಳುತ್ತಾರೆ? ಜಗಳ ಯಾವ ಪ್ರಯೋಗದಿಂದ ತೀರುತ್ತದೆ?

ಉತ್ತರ: ನಿಮ್ಮ ಗೆಳತಿಯರಿಗೆ ಕಸಿವಿಸಿಯಾದದ್ದು ಬಾಗಿಲಿನಿಂದ. ಭೌತವಿಜ್ಞಾನದಲ್ಲಿ ದೊಡ್ಡ ಮಾತು ಆಡಿದ್ದಕ್ಕೆ ಜಗಳ ಹುಟ್ಟುವುದಿಲ್ಲ. ದೊಡ್ಡ ಮಾತನ್ನು ಯಾರೂ ಓದದೆ ಪಕ್ಕಕ್ಕಿಡುತ್ತಾರೆ. ಬೇರೆಯವರು ತಮ್ಮ ಉಪಕರಣದಲ್ಲಿ ಅಳೆಯಬಹುದಾದ ಒಂದು ಸಂಖ್ಯೆಯನ್ನು ಮುಂದಿಟ್ಟಾಗ ಜಗಳ ಹುಟ್ಟುತ್ತದೆ. ಆದ್ದರಿಂದ ಗ್ರಂಥದ ಮೊದಲ ಪುಟದಲ್ಲಿ ಬಾಗಿಲು ಬೇಡ, ಅಳತೆ ಇರಲಿ. 'ಹೆಚ್ಚುವರಿ ಆಯಾಮ ಒಂದು. ಅದು ತನ್ನಲ್ಲೇ ಸುತ್ತಿಕೊಂಡ ವೃತ್ತ. ಅದರ ತ್ರಿಜ್ಯ 0.5 ಮಿಲಿಮೀಟರ್.' ಇಷ್ಟು ಸಾಕು, ಉಳಿದದ್ದೆಲ್ಲ ಇದರಿಂದಲೇ ಹೊರಡುತ್ತದೆ.

ಇಂಥ ಊಹೆಗೆ ನಮ್ಮ ಲೋಕದಲ್ಲಿ ಗಟ್ಟಿ ವಂಶಾವಳಿ ಇದೆ. ಥಿಯೊಡೋರ್ ಕಲುಜಾ 1919ರಲ್ಲಿ ಐದು ಆಯಾಮಗಳ ಸಿದ್ಧಾಂತವನ್ನು ಐನ್‌ಸ್ಟೈನರಿಗೆ ಕಳುಹಿಸಿದರು, ಅದು ಅಚ್ಚಾದದ್ದು 1921ರಲ್ಲಿ. ಆ ಆಯಾಮ ಪುಟ್ಟ ವೃತ್ತವಾಗಿ ಸುತ್ತಿಕೊಂಡಿರಬಹುದು ಎಂದು 1926ರಲ್ಲಿ ಆಸ್ಕರ್ ಕ್ಲೈನ್ ಸೂಚಿಸಿದರು. ಅವರ ವೃತ್ತ ಯಾವ ಉಪಕರಣದ ಕೈಗೂ ಸಿಗದಷ್ಟು ಕಿರಿದು. ವೃತ್ತ ಮಿಲಿಮೀಟರ್ ಗಾತ್ರದ್ದೂ ಆಗಿರಬಹುದು ಎಂಬ ದಿಟ್ಟ ವಾದ ಬಂದದ್ದು 1998ರಲ್ಲಿ, ನಿಮಾ ಅರ್ಕಾನಿ ಹಮೀದ್, ಸಾವಾಸ್ ಡಿಮೊಪೊಲೊಸ್, ಜಿಯಾ ದ್ವಾಲಿ ಅವರಿಂದ. ನಿಮ್ಮ ನಾಯಕಿ ಈ ಕೊನೆಯ ದಾರಿಯವಳು.

ಈಗ ಲೆಕ್ಕ. ಗುರುತ್ವ ದೂರದ ವರ್ಗಕ್ಕೆ ತಕ್ಕಂತೆ ಕುಗ್ಗುವುದು ಏಕೆಂದರೆ ಅದರ ಬಲರೇಖೆಗಳು ಗೋಳದ ಮೇಲ್ಮೈಯಲ್ಲಿ ಹರಡಿಕೊಳ್ಳುತ್ತವೆ; ದೂರ ಇಮ್ಮಡಿಯಾದರೆ ಮೇಲ್ಮೈ ನಾಲ್ಕು ಪಟ್ಟು, ಬಲ ನಾಲ್ಕನೇ ಒಂದು. ಇನ್ನೊಂದು ದಿಕ್ಕು ಸಿಕ್ಕಿದರೆ ರೇಖೆಗಳು ಅದರೊಳಕ್ಕೂ ಹರಡಿ, ಬಲ ದೂರದ ಘನಕ್ಕೆ ತಕ್ಕಂತೆ ಕುಗ್ಗುತ್ತದೆ. ಆದರೆ ವೃತ್ತ ತುಂಬಿದ ಮೇಲೆ ಅಲ್ಲಿ ಹರಡಲು ಜಾಗವಿಲ್ಲ. ಅಲ್ಲಿಂದಾಚೆ ನಮ್ಮ ಹಳೆಯ ನಿಯಮವೇ. ಹೀಗಾಗಿ ದೂರದಲ್ಲಿ ಎಲ್ಲವೂ ನ್ಯೂಟನ್ ಹೇಳಿದಂತೆ, ಹತ್ತಿರದಲ್ಲಿ ಮಾತ್ರ ಗುರುತ್ವ ನಿರೀಕ್ಷೆಗಿಂತ ಜೋರು. ವೃತ್ತಾಕಾರದ ಒಂದೇ ಆಯಾಮಕ್ಕೆ ಸರಳ ಲೆಕ್ಕ ಹಾಕಿದರೆ, ಎರಡು ಪುಟ್ಟ ಕಣಗಳ ನಡುವಿನ ಬಲ ತ್ರಿಜ್ಯದ 10 ಪಟ್ಟು ದೂರದಲ್ಲಿ ಶೇಕಡ 0.1ರಷ್ಟು ಹೆಚ್ಚು, 5 ಪಟ್ಟು ದೂರದಲ್ಲಿ ಶೇಕಡ 8ರಷ್ಟು ಹೆಚ್ಚು. ದೂರ ತ್ರಿಜ್ಯದಷ್ಟೇ ಆದಾಗ ಬಲ 4 ಪಟ್ಟು, ತ್ರಿಜ್ಯದ ಹತ್ತನೇ ಒಂದು ಆದಾಗ 40 ಪಟ್ಟು. ನಿಮ್ಮ ಲೋಕಕ್ಕೆ ಅನ್ವಯಿಸಿದರೆ 5 ಮಿಲಿಮೀಟರಿನಲ್ಲಿ ಏನೋ ಮಿಸುಕಾಡಿದ ಹಾಗೆ, ಅರ್ಧ ಮಿಲಿಮೀಟರಿನಲ್ಲಿ ನಾಲ್ಕು ಪಟ್ಟು, 50 ಮೈಕ್ರೊಮೀಟರಿನಲ್ಲಿ ನಲವತ್ತು ಪಟ್ಟು. ಗ್ರಂಥದ ಎರಡನೇ ಅಧ್ಯಾಯದಲ್ಲಿ ಈ ಸಾಲುಗಳನ್ನು ಹಾಗೆಯೇ ಇಡಬಹುದು, ಯಾವ ಓದುಗರೂ ತಪ್ಪು ಹುಡುಕಲಾರರು.

ಇಲ್ಲೇ ಎರಡು ಕಡೆ ಹೊಸ ಲೇಖಕರು ಎಡವುತ್ತಾರೆ. ಮೊದಲನೆಯದು ವಿದ್ಯುತ್ ಬಲ. ಗುರುತ್ವದಂತೆ ಬೆಳಕೂ ವಿದ್ಯುತ್ತೂ ಆ ವೃತ್ತದೊಳಕ್ಕೆ ಹರಡಿದರೆ ನಿಮ್ಮ ಲೋಕದಲ್ಲಿ ಪರಮಾಣುವೇ ನಿಲ್ಲದು. ಮೂರಕ್ಕಿಂತ ಹೆಚ್ಚು ಆಯಾಮಗಳ ಜಾಗದಲ್ಲಿ ಸ್ಥಿರ ಕಕ್ಷೆ ಸಾಧ್ಯವಿಲ್ಲ ಎಂಬುದನ್ನು ಪಾಲ್ ಎರೆನ್‌ಫೆಸ್ಟ್ 1917ರಲ್ಲೇ ತೋರಿಸಿದ್ದಾರೆ. ಪರಮಾಣುವಿನ ಗಾತ್ರ ಒಂದು ಮಿಲಿಮೀಟರಿನ ಕೋಟಿಯಲ್ಲಿ ಒಂದು ಭಾಗ. ಅರ್ಧ ಮಿಲಿಮೀಟರಿನ ವೃತ್ತ ಅದಕ್ಕೆ ಅಪಾರ ಬಯಲು. ಆದ್ದರಿಂದ ಪದಾರ್ಥ, ಬೆಳಕು, ವಿದ್ಯುತ್ ಎಲ್ಲವೂ ನಮ್ಮ ಮೂರು ಆಯಾಮಗಳ ಪದರಕ್ಕೆ ಅಂಟಿಕೊಂಡಿವೆ, ಗುರುತ್ವವೊಂದೇ ಆಚೆಗೆ ಸೋರುತ್ತದೆ ಎಂದು ಗ್ರಂಥ ಸ್ಪಷ್ಟವಾಗಿ ಹೇಳಲೇಬೇಕು. ಭೌತವಿಜ್ಞಾನಿಗಳು ಆ ಪದರವನ್ನು 'ಬ್ರೇನ್' (brane, 'ಮೆಂಬ್ರೇನ್' ಪದದ ತುಂಡು) ಎನ್ನುತ್ತಾರೆ. ಈ ಒಂದು ವಾಕ್ಯ ಬಿಟ್ಟುಹೋದರೆ ವಿರೋಧಿಗಳು ಬೇರೇನೂ ಹೇಳಬೇಕಿಲ್ಲ.

ಎರಡನೆಯದು, ಇಷ್ಟು ದಿನ ಯಾರಿಗೂ ಏಕೆ ಗೊತ್ತಾಗಲಿಲ್ಲ ಎಂಬ ಪ್ರಶ್ನೆ. ಇದಕ್ಕೆ ಉತ್ತರ ಸುಲಭ, ಸತ್ಯವೂ ಹೌದು. ಹೆನ್ರಿ ಕ್ಯಾವೆಂಡಿಶ್ 1798ರಲ್ಲಿ ಗುರುತ್ವ ಅಳೆದಾಗ ಅವರ ಸುಮಾರು 158 ಕಿಲೊ ತೂಕದ ಸೀಸದ ಗುಂಡಿಗೂ ಚಿಕ್ಕ ಗುಂಡಿಗೂ ನಡುವಿನ ಅಂತರ, ಕೇಂದ್ರದಿಂದ ಕೇಂದ್ರಕ್ಕೆ, ಸುಮಾರು 23 ಸೆಂಟಿಮೀಟರ್. ನಿಮ್ಮ ವೃತ್ತದ ತ್ರಿಜ್ಯದ 460 ಪಟ್ಟು. ಅಲ್ಲಿ ಯಾವ ವ್ಯತ್ಯಾಸವೂ ಕಾಣದು. ಗ್ರಹಗಳ ಕಕ್ಷೆಯಲ್ಲಂತೂ ಕೇಳಲೇಬೇಡಿ. ನಮ್ಮ ಲೋಕದಲ್ಲೂ 1990ರ ದಶಕದ ಕೊನೆಯವರೆಗೆ ಒಂದು ಮಿಲಿಮೀಟರಿಗಿಂತ ಹತ್ತಿರದಲ್ಲಿ ಗುರುತ್ವ ಹೇಗೆ ವರ್ತಿಸುತ್ತದೆ ಎಂದು ಸರಿಯಾಗಿ ಅಳೆದವರಿರಲಿಲ್ಲ.

ನಿಮ್ಮ ಕರಡಿನಲ್ಲಿ ಜಿನೀವಾದ ಎಲ್‌ಎಚ್‌ಸಿ ಎಂಬ ದೈತ್ಯ ಕಣ ಡಿಕ್ಕಿ ಯಂತ್ರದಲ್ಲಿ ಪುಟ್ಟ ಕಪ್ಪುಕುಳಿ ಹುಟ್ಟುವ ದೃಶ್ಯವಿದ್ದರೆ ದಯವಿಟ್ಟು ತೆಗೆದುಬಿಡಿ. ಆಯಾಮ ಒಂದೇ, ಗಾತ್ರ ಅರ್ಧ ಮಿಲಿಮೀಟರ್ ಎಂದಾದರೆ ಗುರುತ್ವ ಬಲಿಷ್ಠವಾಗುವ ಶಕ್ತಿಯ ಮಟ್ಟ ಕೋಟಿಗಟ್ಟಲೆ ಜಿಇವಿ (ಕಣಗಳ ಶಕ್ತಿಯನ್ನು ಅಳೆಯುವ ಮಾನ) ಆಗುತ್ತದೆ. ಎಲ್‌ಎಚ್‌ಸಿಯ ಡಿಕ್ಕಿಗಳ ಶಕ್ತಿ 13,600 ಜಿಇವಿ. ಸಾವಿರಾರು ಪಟ್ಟು ಕೊರತೆ. ನಿಮಗೆ ಇದು ನಷ್ಟವಲ್ಲ. ದೊಡ್ಡ ಯಂತ್ರಕ್ಕೆ ಕಾಣದ್ದನ್ನು ಮೇಜಿನ ಮೇಲಿನ ತಕ್ಕಡಿಯೊಂದೇ ಕಾಣಬಲ್ಲದು ಎಂಬ ಸ್ಥಿತಿ ಇದರಿಂದ ತಾನಾಗಿ ಒದಗುತ್ತದೆ, ಕೊಲಾಬಾದ ಒಬ್ಬಳೇ ಪ್ರಯೋಗಕಾರ್ತಿ ಇಡೀ ಜಗತ್ತಿನೆದುರು ನಿಲ್ಲುವುದು ನಂಬುವಂತಾಗುತ್ತದೆ. ಬಾಗಿಲೂ ಇದೇ ಕಾರಣಕ್ಕೆ ಅಸಾಧ್ಯ: ಒಂದೇ ಒಂದು ಕಣವನ್ನು ಪದರದಿಂದ ಕಿತ್ತು ಆಚೆಗೆ ತಳ್ಳಲು ಆ ಕೋಟಿಗಟ್ಟಲೆ ಜಿಇವಿ ಮಟ್ಟದ ಶಕ್ತಿ ಬೇಕು, ಮನುಷ್ಯದೇಹದ ಮಾತು ಬಿಡಿ. ಬಾಗಿಲಿನ ಮಾತು ಬೇಕೇಬೇಕೆಂದರೆ ಗ್ರಂಥದ ಕೊನೆಯ ಅಧ್ಯಾಯದಲ್ಲಿ ಎರಡು ಪ್ಯಾರಾದ ಊಹೆಯಾಗಿ ಬರಲಿ, ಪತ್ರಿಕೆಗಳು ಅದನ್ನೇ ಹಿಡಿದು ಎಳೆದಾಡಲಿ, ಉಳಿದ ಮುನ್ನೂರು ಪುಟವನ್ನು ಯಾರೂ ಓದದಿರಲಿ. ನಿಜ ಜೀವನದಲ್ಲಿ ಆಗುವುದೂ ಹೀಗೆಯೇ.

ಈಗ ಉಪಕರಣ. ಇಡೀ ಕಾದಂಬರಿಯ ಬೆನ್ನೆಲುಬು ಇದು, ಆದ್ದರಿಂದ ಇಲ್ಲಿ ಸ್ವಲ್ಪ ನಿಧಾನಿಸುತ್ತೇನೆ.

ಅವಳಿಗೆ ಬೇಕಾದದ್ದು ಟಾರ್ಷನ್ ತಕ್ಕಡಿ, ಅಂದರೆ ಎಳೆಯ ತಿರುಚಿನಿಂದ ಬಲವನ್ನು ಅಳೆಯುವ ಉಪಕರಣ. ಸುಮಾರು 20 ಮೈಕ್ರೊಮೀಟರ್ ದಪ್ಪದ ಟಂಗ್‌ಸ್ಟನ್ ಎಳೆ, ಅದರ ತುದಿಯಲ್ಲಿ ತೂಗುವ ಲೋಹದ ಉಂಗುರ, ಉಂಗುರದಲ್ಲಿ ಸಮ ಅಂತರದಲ್ಲಿ ಕೊರೆದ ಹತ್ತು ರಂಧ್ರಗಳು. ಅದರ ಕೆಳಗೆ, ಮುಟ್ಟದ ಹಾಗೆ, ನಿಧಾನವಾಗಿ ತಿರುಗುವ ತಟ್ಟೆ. ಅದರಲ್ಲೂ ಹತ್ತು ರಂಧ್ರ. ತಟ್ಟೆ ತಿರುಗಿದಂತೆ ರಂಧ್ರಗಳ ಎದುರು ರಂಧ್ರ ಬಂದು ಹೋಗುತ್ತದೆ, ಗುರುತ್ವ ಉಂಗುರವನ್ನು ಅಷ್ಟಷ್ಟೇ ಅತ್ತಿತ್ತ ತಿರುಚುತ್ತದೆ. ಉಂಗುರಕ್ಕೆ ಅಂಟಿಸಿದ ಕನ್ನಡಿಗೆ ಬೆಳಕು ಬಿಟ್ಟು, ಮರಳಿ ಬಂದ ಕಿರಣ ಎಷ್ಟು ಸರಿಯಿತೆಂದು ನೋಡಿ ತಿರುಚನ್ನು ಅಳೆಯುತ್ತಾರೆ. ಅಳತೆಯ ಮಟ್ಟ ನ್ಯಾನೊರೇಡಿಯನ್, ಅಂದರೆ ಒಂದು ರೇಡಿಯನ್ ಕೋನದ ನೂರು ಕೋಟಿಯಲ್ಲಿ ಒಂದು ಭಾಗ. ತಟ್ಟೆ ಒಂದು ಸುತ್ತು ಬರುವಷ್ಟರಲ್ಲಿ ಸಂಕೇತ ಹತ್ತು ಸಲ ಏರಿಳಿಯುತ್ತದೆ. ಇದು ಬೇಕೆಂದೇ ಮಾಡಿದ ಜಾಣತನ: ಮೋಟಾರಿನ ಅಲುಗಾಟ, ಬೇರಿಂಗಿನ ವಾರೆ ಮುಂತಾದವು ಸುತ್ತಿಗೆ ಒಂದು ಸಲ ಬರುತ್ತವೆ, ಹತ್ತು ಸಲದ ಸಂಕೇತದೊಡನೆ ಬೆರೆಯುವುದಿಲ್ಲ.

ಇನ್ನೂ ದೊಡ್ಡ ಜಾಣತನ ಅಡಿಯಲ್ಲಿದೆ. ತಿರುಗುವ ತಟ್ಟೆಯ ಕೆಳಗೆ ಇನ್ನೊಂದು ದಪ್ಪ ತಟ್ಟೆಯನ್ನು ಜೋಡಿಸಿ, ಅದರ ಹತ್ತು ರಂಧ್ರಗಳನ್ನು ಮೇಲಿನವಕ್ಕಿಂತ 18 ಡಿಗ್ರಿ ಸರಿಸಿಡುತ್ತಾರೆ. ಮಾಮೂಲಿ ಗುರುತ್ವ ದೂರಕ್ಕೂ ಮುಟ್ಟುವುದರಿಂದ ಮೇಲಿನ ತಟ್ಟೆಯ ಎಳೆತವನ್ನು ಕೆಳಗಿನದರ ಎಳೆತ ಹೊಡೆದುಹಾಕುತ್ತದೆ. ಹತ್ತಿರದಲ್ಲಷ್ಟೇ ಜೋರಾಗುವ ಹೊಸ ಗುರುತ್ವಕ್ಕೆ ಕೆಳಗಿನ ತಟ್ಟೆ ಎಟುಕದು, ಅದು ಉಳಿದುಬಿಡುತ್ತದೆ. ಸಿಯಾಟಲ್‌ನ ವಾಷಿಂಗ್‌ಟನ್ ವಿಶ್ವವಿದ್ಯಾಲಯದ ಏಟ್‌ವಾಶ್ ಗುಂಪು 2001ರಲ್ಲಿ ಪ್ರಕಟಿಸಿದ ಪ್ರಯೋಗದ ವಿನ್ಯಾಸ ಇದೇ. ಅವರು 218 ಮೈಕ್ರೊಮೀಟರ್ ಅಂತರದವರೆಗೆ ಇಳಿದರು, ನ್ಯೂಟನ್ ನಿಯಮ ಅಲುಗಲಿಲ್ಲ. ಅದೇ ಗುಂಪು 2007ರಲ್ಲಿ ಆಯಾಮದ ತ್ರಿಜ್ಯ 44 ಮೈಕ್ರೊಮೀಟರಿಗಿಂತ ಕಡಿಮೆಯೆಂದೂ 2020ರಲ್ಲಿ 30 ಮೈಕ್ರೊಮೀಟರಿಗಿಂತ ಕಡಿಮೆಯೆಂದೂ ಕಟ್ಟಿಹಾಕಿತು. ನಮ್ಮ ಲೋಕದಲ್ಲಿ ಅರ್ಧ ಮಿಲಿಮೀಟರಿನ ಆಯಾಮ ಸತ್ತುಹೋದ ಊಹೆ. ನಿಮ್ಮ ಲೋಕದಲ್ಲಿ ಅದು ಜೀವಂತ, ಆದರೆ ತಕ್ಕಡಿ ಇದೇ ಇರಲಿ.

ಬಲ ಎಷ್ಟು ಸಣ್ಣದು ಎಂಬುದು ಓದುಗರ ಮನಸ್ಸಿಗೆ ತಟ್ಟಬೇಕು. ಒಂದೊಂದು ಗ್ರಾಮಿನ ಎರಡು ಗುಂಡುಗಳನ್ನು ಒಂದು ಸೆಂಟಿಮೀಟರ್ ಅಂತರದಲ್ಲಿಟ್ಟರೆ ಅವುಗಳ ನಡುವಿನ ಗುರುತ್ವ ಒಂದು ನ್ಯೂಟನ್ನಿನ ಲಕ್ಷ ಕೋಟಿ ಭಾಗಗಳಲ್ಲಿ ಒಂದು ಭಾಗಕ್ಕೂ ಕಡಿಮೆ. ಒಂದು ಚದರ ಸೆಂಟಿಮೀಟರಿನ ಎರಡು ಲೋಹದ ಫಲಕಗಳನ್ನು 0.1 ಮಿಲಿಮೀಟರ್ ಅಂತರದಲ್ಲಿಟ್ಟು, ಅವುಗಳ ನಡುವೆ ಬರೀ 0.1 ವೋಲ್ಟ್ ವ್ಯತ್ಯಾಸ ಉಳಿದಿದ್ದರೂ ವಿದ್ಯುತ್ ಎಳೆತ ಆ ಗುರುತ್ವದ ಆರುನೂರು ಪಟ್ಟು ಮೀರುತ್ತದೆ. ಒಂದೇ ಲೋಹದ ಮೇಲ್ಮೈಯಲ್ಲೂ ಜಾಗದಿಂದ ಜಾಗಕ್ಕೆ ಇಂಥ ವೋಲ್ಟೇಜ್ ತೇಪೆಗಳಿರುತ್ತವೆ. ಅದಕ್ಕೇ ಉಂಗುರ, ತಟ್ಟೆಗಳಿಗೆ ಚಿನ್ನದ ಲೇಪ; ಅವೆರಡರ ನಡುವೆ ಬಿಗಿಯಾಗಿ ಎಳೆದ, ಚಿನ್ನ ಲೇಪಿಸಿದ ಬೆರಿಲಿಯಂ ತಾಮ್ರದ ತೆಳು ಪರದೆ, ಹತ್ತಿಪ್ಪತ್ತು ಮೈಕ್ರೊಮೀಟರ್ ದಪ್ಪದ್ದು. ಪರದೆ ಸಡಿಲವಾದರೆ ತಾನೇ ನಡುಗಿ ಸುಳ್ಳು ಸಂಕೇತ ಕೊಡುತ್ತದೆ. ಉಂಗುರಕ್ಕೂ ಪರದೆಗೂ ನಡುವೆ ಒಂದು ಧೂಳಿನ ಕಣ ಸಿಕ್ಕಿಕೊಂಡರೂ ಕೆಲಸ ನಿಂತಿತು, ನಿರ್ವಾತ ಕೋಣೆಯನ್ನು ತೆರೆಯಬೇಕು. ಹೊಸ ಟಂಗ್‌ಸ್ಟನ್ ಎಳೆ ತೂಕ ಹೊತ್ತ ಮೇಲೂ ವಾರಗಟ್ಟಲೆ ತನ್ನಷ್ಟಕ್ಕೆ ಸುರುಳಿ ಬಿಚ್ಚುತ್ತಿರುತ್ತದೆ. ಅದನ್ನು ನಿರ್ವಾತದಲ್ಲಿ ಕಾಯಿಸಿ, ನೆಮ್ಮದಿಯಾಗುವವರೆಗೆ ಕಾಯಬೇಕು. ಕಾಯುವ ಈ ವಾರಗಳನ್ನು ಕಾದಂಬರಿಯಲ್ಲಿ ನುಂಗಿಬಿಡಬೇಡಿ.

ಪ್ರಯೋಗಾಲಯ ಕೊಲಾಬಾದಲ್ಲಿದೆ ಎಂದಿರಿ. ನಿಮ್ಮ ನಾಯಕಿಗೆ ಅದಕ್ಕಿಂತ ಕೆಟ್ಟ ಜಾಗ ಸಿಗದು, ಕಥೆಗೆ ಅದಕ್ಕಿಂತ ಒಳ್ಳೆಯದೂ ಸಿಗದು. ಮೂರು ಕಡೆ ಸಮುದ್ರ. ಅಲೆಗಳು ನೆಲಕ್ಕೆ ಕೊಡುವ ಸೆಕೆಂಡುಗಳ ಅವಧಿಯ ನಡುಕ ಮಳೆಗಾಲದಲ್ಲಿ ಜೋರಾಗುತ್ತದೆ. ಉಪ್ಪುಗಾಳಿ ಕನೆಕ್ಟರುಗಳನ್ನು ತಿನ್ನುತ್ತದೆ. ಮಳೆನೀರು ನೆಲಕ್ಕಿಳಿದಾಗ ತಕ್ಕಡಿಯ ಸುತ್ತಲಿನ ದ್ರವ್ಯರಾಶಿಯೇ ಬದಲಾಗಿ ಗುರುತ್ವದ ಇಳಿಜಾರು ಮೆಲ್ಲಗೆ ಸರಿಯುತ್ತದೆ, ಕಟ್ಟಡವೂ ಕೂದಲೆಳೆಯಷ್ಟು ವಾಲುತ್ತದೆ. ಇದೆಲ್ಲದರ ಜತೆಗೆ ವಿದ್ಯುತ್ ರೈಲು ಬೇರೆ. ಇದಕ್ಕೊಂದು ಚಾರಿತ್ರಿಕ ಸಾಕ್ಷಿಯೂ ಇದೆ: ಕೊಲಾಬಾದಲ್ಲೇ ಇದ್ದ ಭೂಕಾಂತ ವೀಕ್ಷಣಾಲಯದ ಅಳತೆಯನ್ನು, ಮುಂಬೈಗೆ ವಿದ್ಯುತ್ ಟ್ರಾಮ್ ಬರುತ್ತದೆಂಬ ಕಾರಣಕ್ಕೆ ಅಲಿಬಾಗಿಗೆ ಸಾಗಿಸಿದರು. 1904ರಿಂದ 1906ರವರೆಗೆ ಎರಡೂ ಕಡೆ ಒಟ್ಟಿಗೆ ಅಳೆದು, ಹೊಂದಾಣಿಕೆ ನೋಡಿಕೊಂಡು, ಆಮೇಲೆ ಕೊಲಾಬಾದಲ್ಲಿ ನಿಲ್ಲಿಸಿದರು. ನಿಮ್ಮ ಪುಣೆಯ ವಿಮರ್ಶಕ ಇದನ್ನು ಎತ್ತದೆ ಬಿಡುವನೇ? 'ನೂರು ವರ್ಷದ ಹಿಂದೆಯೇ ಬಿಟ್ಟುಹೋದ ಜಾಗದಲ್ಲಿ ಕೂತು ನ್ಯಾನೊರೇಡಿಯನ್ ಅಳೆಯುತ್ತೀರಾ?' ಎಂದು ಅವನು ಕೇಳಿದರೆ ಅವಳ ಉತ್ತರ ರಾತ್ರಿಯ ದತ್ತಾಂಶವಾಗಿರಬೇಕು. ಲೋಕಲ್ ಗಾಡಿಗಳು ನಿಂತಿರುವ ನಡುರಾತ್ರಿಯ ಕೆಲವೇ ಗಂಟೆಗಳ ಅಳತೆಯನ್ನು ಅವಳು ಬೇರೆ ಮಾಡಿ ಇಟ್ಟಿರಬೇಕು. ಆ ಗಂಟೆಗಳಲ್ಲೂ ಸಂಕೇತ ಅಷ್ಟೇ ಇದ್ದರೆ ರೈಲಿನ ಆಕ್ಷೇಪ ಬಿದ್ದುಹೋಯಿತು. ಕುಗ್ಗಿದರೆ ಅವಳೇ ಬಿದ್ದಳು.

ವಿರೋಧಿಗಳೆಲ್ಲ ಒಂದೇ ಮಾತು ಆಡಬಾರದು, ಒಬ್ಬೊಬ್ಬರ ಆಕ್ಷೇಪ ಒಂದೊಂದು ಜಾತಿಯದಾಗಿರಲಿ. ಖಗೋಳದವನು ನಕ್ಷತ್ರದ ಕಡೆಯಿಂದ ಬರುತ್ತಾನೆ. ಸೂಪರ್‌ನೋವಾ 1987ಎ ಎಂಬ ನಕ್ಷತ್ರಸ್ಫೋಟ ಆದಾಗ ನ್ಯೂಟ್ರಿನೊ ಎಂಬ ಹಗುರ ಕಣಗಳು ಹತ್ತು ಹನ್ನೆರಡು ಸೆಕೆಂಡು ಹರಡಿಕೊಂಡು ಬಂದವು. ಶಕ್ತಿ ಬೇರೆ ಆಯಾಮಕ್ಕೆ ಸೋರಿದ್ದರೆ ಆ ಮಿಡಿತ ಬೇಗ ಮುಗಿಯಬೇಕಿತ್ತು ಎನ್ನುತ್ತಾನೆ. ಇಲ್ಲಿ ನಾಯಕಿ ಗೆಲ್ಲುತ್ತಾಳೆ, ಏಕೆಂದರೆ ಆ ವಾದ ಎರಡು ಆಯಾಮಗಳಿದ್ದರೆ ಮಾತ್ರ ಬಿಗಿ. ಆಗ ತ್ರಿಜ್ಯ ಒಂದು ಮೈಕ್ರೊಮೀಟರಿಗೂ ಕಡಿಮೆಯಿರಬೇಕು. ಒಂದೇ ಆಯಾಮಕ್ಕೆ ಅದು ಅರ್ಧ ಮಿಲಿಮೀಟರನ್ನು ಮುಟ್ಟುವುದೇ ಇಲ್ಲ. ಅವನ ಎರಡನೇ ಏಟು ಗಟ್ಟಿ: ಸೂಪರ್‌ನೋವಾದಲ್ಲಿ ಹುಟ್ಟಿದ, ಗ್ರಾವಿಟಾನು ಎಂಬ ಗುರುತ್ವದ ಭಾರದ ಕಣಗಳು ನ್ಯೂಟ್ರಾನ್ ನಕ್ಷತ್ರದ ಸುತ್ತ ಸಿಕ್ಕಿಕೊಂಡು, ನಿಧಾನವಾಗಿ ಬೆಳಕಾಗಿ ಕೊಳೆತು, ಮುದಿ ನಕ್ಷತ್ರವನ್ನು ಇರಬೇಕಾದ್ದಕ್ಕಿಂತ ಬಿಸಿಯಾಗಿಡಬೇಕು, ಹಾಗೆ ಕಂಡಿಲ್ಲ. ಇದರಿಂದ ತಪ್ಪಿಸಿಕೊಳ್ಳಲು ಅವಳ ಬಳಿ ಇರುವುದು ಒಂದೇ ದಾರಿ: ಆ ಗ್ರಾವಿಟಾನುಗಳು ನಮ್ಮ ಬೆಳಕಾಗಿ ಅಲ್ಲ, ಆಚೆಯ ಇನ್ನೊಂದು ಪದರದ ಪದಾರ್ಥವಾಗಿ ಕೊಳೆಯುತ್ತವೆ ಎಂದು ಹೇಳುವುದು. ತರ್ಕಕ್ಕೆ ಸರಿ, ಆದರೆ ಕೇಳಿದವರಿಗೆ ಜಾರಿಕೊಂಡಂತೆ ಅನ್ನಿಸುತ್ತದೆ. ವಿವಾದ ಬೇರು ಬಿಡುವುದು ಇಂಥ ಜಾಗದಲ್ಲೇ.

ಪ್ರಯೋಗದ ಕಡೆಯವಳೊಬ್ಬಳು ಇರಲಿ, ಗೋವಾದವಳು, ಕಡಿಮೆ ಮಾತಿನವಳು. ಅವಳ ಪ್ರಶ್ನೆ ಒಂದೇ: ಕೆಳಗಿನ ತಟ್ಟೆಯ 18 ಡಿಗ್ರಿ ನಿಜಕ್ಕೂ 18 ಆಗಿತ್ತೇ? ತಟ್ಟೆಯ ದಪ್ಪ ಎಷ್ಟು ಮೈಕ್ರೊಮೀಟರಿನವರೆಗೆ ಗೊತ್ತು? ಏಕೆಂದರೆ ರದ್ದತಿ ಪೂರ್ಣವಾಗದಿದ್ದರೆ ಉಳಿದ ಮಾಮೂಲಿ ಗುರುತ್ವವೂ ಸುತ್ತಿಗೆ ಹತ್ತು ಸಲವೇ ಏರಿಳಿಯುತ್ತದೆ, ಹೊಸ ಗುರುತ್ವದ ವೇಷ ಹಾಕುತ್ತದೆ. ಇವೆರಡನ್ನು ಬೇರೆ ಮಾಡುವ ದಾರಿ, ಉಂಗುರಕ್ಕೂ ತಟ್ಟೆಗೂ ಇರುವ ಅಂತರವನ್ನು ಬದಲಿಸುತ್ತ ಹೋಗುವುದು. 0.2 ಮಿಲಿಮೀಟರಿನಿಂದ 5 ಮಿಲಿಮೀಟರಿನವರೆಗೆ ಅಳೆದರೆ ಎರಡು ವಕ್ರರೇಖೆಗಳ ಆಕಾರ ಬೇರೆ ಬೇರೆ. ನಿಮ್ಮ ನಾಯಕಿ ಮೊದಲ ಆವೃತ್ತಿಯಲ್ಲಿ ನಾಲ್ಕೇ ಅಂತರಗಳಲ್ಲಿ ಅಳೆದಿದ್ದಾಳೆ ಎಂದಿಟ್ಟುಕೊಳ್ಳಿ. ನಾಲ್ಕು ಬಿಂದುಗಳ ಮೂಲಕ ಎರಡೂ ವಕ್ರರೇಖೆಗಳನ್ನು ಎಳೆಯಬಹುದು. ಅವಳು ಮೋಸ ಮಾಡಿಲ್ಲ, ಮಳೆಗಾಲ ಬಂದದ್ದರಿಂದ ನಿಲ್ಲಿಸಿದ್ದಾಳೆ. ವಿವಾದಿತ ಗ್ರಂಥದ ದೋಷ ಈ ಬಗೆಯದಾಗಿರಬೇಕು: ಪ್ರಾಮಾಣಿಕವಾದದ್ದು, ಚಿಕ್ಕದು, ಎಲ್ಲವನ್ನೂ ಅನುಮಾನಕ್ಕೆ ತಳ್ಳುವಂಥದ್ದು.

ಮಾದರಿಗೆ ಮೂರು ನಿಜ ಪ್ರಕರಣಗಳನ್ನು ಹೇಳುತ್ತೇನೆ, ಅವುಗಳಲ್ಲಿ ಎರಡಕ್ಕೆ ಕರ್ನಾಟಕದ ನೆಲದ ನಂಟಿದೆ. 1975ರಲ್ಲಿ ಕೋಲಾರದ ಚಿನ್ನದ ಗಣಿಯ ಆಳದಲ್ಲಿ ಕೆಲಸ ಮಾಡುತ್ತಿದ್ದ ವಿಜ್ಞಾನಿಗಳು ಬೆರಳೆಣಿಕೆಯ ವಿಚಿತ್ರ ಘಟನೆಗಳನ್ನು ವರದಿ ಮಾಡಿದರು. ಹೊಸ ಕಣವೊಂದು ಕೊಳೆತ ಗುರುತಾಗಿರಬಹುದು ಎಂದರು. 'ಕೋಲಾರ್ ಘಟನೆಗಳು' ಎಂದೇ ಅವು ಹೆಸರಾದವು. ವೇಗವರ್ಧಕಗಳಲ್ಲಿ ಹುಡುಕಿದಾಗ ಅಂಥ ಕಣ ಸಿಗಲಿಲ್ಲ, ಎಲ್ಲರೂ ಒಪ್ಪಿದ ವಿವರಣೆಯೂ ಬರಲಿಲ್ಲ. 1986ರಲ್ಲಿ ಎಫ್ರೇಮ್ ಫಿಶ್‌ಬಾಕ್ ಮತ್ತು ಜತೆಗಾರರು, 1922ರಲ್ಲಿ ಅಚ್ಚಾಗಿದ್ದ, ಹಂಗೇರಿಯ ಭೌತವಿಜ್ಞಾನಿ ಏಟ್‌ವಶ್ ಅವರ ಹಳೆಯ ಅಳತೆಗಳನ್ನೇ ಮತ್ತೆ ಲೆಕ್ಕ ಹಾಕಿ, ಗೊತ್ತಿರುವ ನಾಲ್ಕು ಮೂಲಬಲಗಳ ಆಚೆಗೆ ಸುಮಾರು 200 ಮೀಟರ್ ವ್ಯಾಪ್ತಿಯ ಐದನೇ ಬಲವಿದೆ ಎಂದರು. ಜಗತ್ತಿನಾದ್ಯಂತ ತಕ್ಕಡಿಗಳು ಎದ್ದವು. ಮುಂಬೈಯ ಟಾಟಾ ಮೂಲಭೂತ ಸಂಶೋಧನಾ ಸಂಸ್ಥೆಯ, ಅಂದರೆ ಟಿಐಎಫ್‌ಆರ್‌ನ ರಮಾನಾಥ್ ಕೌಸಿಕ್ ಮತ್ತು ಸಂಗಡಿಗರು ತಮ್ಮ ಟಾರ್ಷನ್ ತಕ್ಕಡಿಯನ್ನು ಇಟ್ಟದ್ದು ಕೊಲಾಬಾದಲ್ಲಿ ಅಲ್ಲ, ಗೌರಿಬಿದನೂರಿನ ನೆಲದಡಿಯಲ್ಲಿ. 1988ರಲ್ಲಿ ಅವರು ಅಂಥ ಬಲಕ್ಕೆ ಬಿಗಿಯಾದ ಮಿತಿ ಹಾಕಿ ಪ್ರಕಟಿಸಿದರು. ಕೆಲವು ವರ್ಷಗಳಲ್ಲಿ ಐದನೇ ಬಲ ಮರೆಯಾಯಿತು, ಆದರೆ ಆ ಜಗಳದಿಂದ ಹುಟ್ಟಿದ ತಕ್ಕಡಿಗಳು ಉಳಿದವು. ಏಟ್‌ವಾಶ್ ಗುಂಪೂ ಆ ಜಗಳದ ಕೂಸೇ. ಮೂರನೆಯದು 2011ರ ಸೆಪ್ಟೆಂಬರಿನದು: 730 ಕಿಲೊಮೀಟರ್ ದೂರ ಸಾಗಿದ ನ್ಯೂಟ್ರಿನೊಗಳು ಬೆಳಕಿಗಿಂತ 60 ನ್ಯಾನೊಸೆಕೆಂಡು ಮೊದಲೇ ತಲುಪಿದವು ಎಂದು ಯುರೋಪಿನ ಒಪೆರಾ ಪ್ರಯೋಗದ ತಂಡ ಹೇಳಿತು. ಅವು ಹೆಚ್ಚುವರಿ ಆಯಾಮದ ಒಳದಾರಿ ಹಿಡಿದಿರಬಹುದು ಎಂದೂ ಪ್ರಬಂಧಗಳು ಬಂದವು. ನ್ಯೂಟ್ರಿನೊಗಳು ನಿಜಕ್ಕೂ ಬೆಳಕಿಗಿಂತ ವೇಗದವಾಗಿದ್ದರೆ ಪಯಾನ್ ಕಣದ ಕೊಳೆತದಿಂದ ಅಷ್ಟು ಹೆಚ್ಚಿನ ಶಕ್ತಿಯ ನ್ಯೂಟ್ರಿನೊಗಳು ಹುಟ್ಟಲೇಬಾರದಿತ್ತು ಎಂದು ಕೌಸಿಕ್ ಮತ್ತು ಇಬ್ಬರು ಸಹಲೇಖಕರು ತರ್ಕದಿಂದಲೇ ತಡೆದರು. ಕೊನೆಗೆ ಸಿಕ್ಕಿದ ಮುಖ್ಯ ಕಾರಣ, ಸರಿಯಾಗಿ ಬಿಗಿಯದ ಒಂದು ಆಪ್ಟಿಕಲ್ ಫೈಬರ್ ಕನೆಕ್ಟರ್.

ಭಾಷೆಯ ವಿಷಯದಲ್ಲಿ ಒಂದು ಮಾತು. ನಿಮ್ಮ ವಿಜ್ಞಾನಿಗಳು 'ಇದು ಅಸಾಧ್ಯ!' ಎಂದು ಕೂಗುವುದು ಬೇಡ. 'ನಿಮ್ಮ ದೋಷಪಟ್ಟಿಯಲ್ಲಿ ವಾಲಿಕೆಯ ಸಾಲು ಇದೆ, ಉಷ್ಣತೆಯ ಜತೆ ವಾಲಿಕೆ ಹೇಗೆ ಬದಲಾಗುತ್ತದೆ ಎಂಬ ಸಾಲು ಇಲ್ಲ' ಎನ್ನಲಿ. 'ಮೂರು ಸಿಗ್ಮಾ ಎಂದಿದ್ದೀರಿ, ನಾಲ್ಕು ಬಿಂದುಗಳಿಗೆ ಎಷ್ಟು ಮಾದರಿ ಹೊಂದಿಸಿ ನೋಡಿದಿರಿ?' ಎಂದು ಕೇಳಲಿ; ಸಿಗ್ಮಾ ಎಂದರೆ ಫಲಿತಾಂಶ ಆಕಸ್ಮಿಕವಲ್ಲ ಎಂಬ ಖಾತ್ರಿಯ ಅಳತೆ. ನಮ್ಮ ಲೋಕದ ಗುರುತ್ವ ಮತ್ತು ವಿಶ್ವವಿಜ್ಞಾನದ ಅಂತರರಾಷ್ಟ್ರೀಯ ಸಮ್ಮೇಳನವೊಂದು 1987ರಲ್ಲಿ ಗೋವಾದಲ್ಲೇ ನಡೆದಿದೆ. ನಿಮ್ಮ ಲೋಕದ ಮುಖಾಮುಖಿಗೂ ಅದೇ ನೆಲ ಒಪ್ಪುತ್ತದೆ. ಸಭೆಯಲ್ಲಿ ಅವರೆಲ್ಲ ಇಂಗ್ಲಿಷಿನಲ್ಲಿ ಜಗಳವಾಡಿ, ಊಟದ ಸಾಲಿನಲ್ಲಿ ಕನ್ನಡ, ಕೊಂಕಣಿ, ಮರಾಠಿಗೆ ಹೊರಳುವುದನ್ನು ನಿಮ್ಮಷ್ಟು ಚೆನ್ನಾಗಿ ಇನ್ನಾರು ಬರೆದಾರು?

ತೀರ್ಮಾನದ ಪ್ರಯೋಗ ಅವಳ ಕೈಯಲ್ಲಿರಬಾರದು. ಗೋವಾದವಳು ತಾನೇ ಎರಡನೇ ತಕ್ಕಡಿ ಕಟ್ಟಲಿ, ಗ್ರಾನೈಟ್ ಬಂಡೆಯ ಮೇಲೆ, ರೈಲಿನಿಂದ ದೂರ. ಮೂರು ವಿಷಯ ಬದಲಿಸಲಿ: ಹತ್ತರ ಬದಲು ಹನ್ನೆರಡು ರಂಧ್ರ, ಕೆಳಗಿನ ತಟ್ಟೆಯ ಸರಿತ 15 ಡಿಗ್ರಿ, ಉಂಗುರಕ್ಕೆ ಬೇರೆ ಲೋಹ. ನಿಜವಾದ ಆಯಾಮಕ್ಕೆ ರಂಧ್ರಗಳ ಸಂಖ್ಯೆಯೂ ಲೋಹವೂ ಲೆಕ್ಕಕ್ಕಿಲ್ಲ, ಅದೇ 0.5 ಮಿಲಿಮೀಟರ್ ಬರಬೇಕು. ಜೋಡಣೆಯ ದೋಷವಾಗಿದ್ದರೆ ಸಂಖ್ಯೆ ಬದಲಾಗುತ್ತದೆ. ಅಂತರಗಳು ನಾಲ್ಕಲ್ಲ, ಕನಿಷ್ಠ ಹದಿನೈದು. ಯಾರೂ ತಮಗೆ ಬೇಕಾದ ಉತ್ತರದ ಕಡೆ ವಾಲದ ಹಾಗೆ, ದತ್ತಾಂಶಕ್ಕೆ ಮೂರನೆಯವರೊಬ್ಬರು ಗುಟ್ಟಾಗಿ ಒಂದು ಸಂಖ್ಯೆ ಸೇರಿಸಿ, ಲಕೋಟೆಯಲ್ಲಿ ಮುಚ್ಚಿಡಲಿ. ವಿಶ್ಲೇಷಣೆ ಮುಗಿದ ಮೇಲೆಯೇ ತೆರೆಯಲಿ. ಕಟ್ಟಲು, ಎಳೆ ನೆಮ್ಮದಿಯಾಗಲು, ಒಂದು ಪೂರ್ಣ ಮಳೆಗಾಲವನ್ನು ಒಳಗೊಂಡು ಅಳೆಯಲು ಕಥೆಯಲ್ಲಿ ಎರಡು ವರ್ಷಕ್ಕಿಂತ ಕಡಿಮೆ ಕೊಡಬೇಡಿ. ಲಕೋಟೆ ತೆರೆದಾಗ 0.5 ಬರುತ್ತದೋ, 0.31 ಬರುತ್ತದೋ, ಸೊನ್ನೆ ಬರುತ್ತದೋ ನಿಮಗೆ ಬಿಟ್ಟದ್ದು. ನನ್ನ ಆಯ್ಕೆ ಕೇಳಿದರೆ 0.31: ಆಗ ಆಯಾಮ ಇದೆ, ಗ್ರಂಥದ ಸಂಖ್ಯೆ ತಪ್ಪು, ಮತ್ತು ಇಬ್ಬರೂ ಹೆಂಗಸರು ಒಬ್ಬರ ತಟ್ಟೆಯನ್ನು ಇನ್ನೊಬ್ಬರು ಬಿಚ್ಚಿ ಅಳೆಯಲೇಬೇಕು.